ಒಂದೇ ಗೋಡೆಯ ಎರಡು ಮನೆ

ಎಂಟನೇ ತಾರೀಖು, ಭಾನುವಾರ
ಊಟದ ಮೇಲೆ, ಅಡುಗೆಮನೆಯ ಮೇಜಿನಿಂದ

ನನ್ನ ದುಂಬಿಗೆ, ಅಮ್ಮನ ಮುದ್ದು, ಜೊತೆಗೆ ಅಮ್ಮನ ಗಲಿಬಿಲಿ.

ಫೋನು ಬಿಟ್ಟು ಕಾಗದ ಯಾಕೆ ಬರೆದಳು ಎಂದು ಲಕೋಟೆ ನೋಡಿದ ಕೂಡಲೇ ನೀನು ಗಾಬರಿಯಾಗಿರುತ್ತೀಯ. ಗಾಬರಿ ಬೇಡ, ನಾನು ಗುಂಡುಕಲ್ಲಿನ ಹಾಗಿದ್ದೇನೆ. ಫೋನಿನಲ್ಲಿ ನೀನು "ಹೂಂ, ಹೇಳಮ್ಮ" ಎನ್ನುತ್ತೀಯ, ನಾನು "ಊಟ ಆಯ್ತಾ" ಎನ್ನುತ್ತೇನೆ, ಅಲ್ಲಿಗೆ ನಮ್ಮ ಮಾತು ಮುಗಿಯುತ್ತದೆ. ಹೇಳಬೇಕಾದದ್ದು ನಾಲಿಗೆಯ ತುದಿಗೆ ಬಂದು ಬಂದು ವಾಪಸು ಹೋಗಿ ಹನ್ನೆರಡು ವರ್ಷವಾಯಿತು. ಕಾಗದವಾದರೆ ನಡುವೆ ಬಾಯಿ ಹಾಕುವವರಿಲ್ಲ.

ಮೊದಲು ಸಿಹಿ ಸುದ್ದಿ. ನಮ್ಮ ಬಡಾವಣೆಯ ಸಂಘದವರು ನಮ್ಮ ಗೇಟಿನ ಪಕ್ಕ ಒಂದು ಫಲಕ ಹಾಕುತ್ತಾರಂತೆ. ನಿನ್ನ ಹೆಸರಿನದು! ಐವತ್ತೆರಡು ಜೋಡಿಮನೆಗಳು, ಎಲ್ಲಕ್ಕೂ ಒಂದೇ ಬಣ್ಣದ ಗೇಟು, ಬಸ್ಸು ಕೂಡ ಇಲ್ಲಿ ನಿಲ್ಲುವುದಕ್ಕಿಂತ ತಿರುಗಿಸಿಕೊಂಡು ಹೋಗುವುದಕ್ಕೇ ಬರುತ್ತದೆ. ಇಂಥ ಜಾಗದಿಂದ ಇದುವರೆಗೆ ಪತ್ರಿಕೆಯಲ್ಲಿ ಬಂದವರು ಇಬ್ಬರೇ. ಒಬ್ಬಳು ನೀನು. ಇನ್ನೊಬ್ಬರು ನೀರಿನ ಟ್ಯಾಂಕು ಹತ್ತಿ ಇಳಿಯಲಾಗದೆ ಕೂಗಿಕೊಂಡ ಹಲ್ಲಿನ ಡಾಕ್ಟರು. ಅವರಿಗೆ ಫಲಕ ಹಾಕುವುದಕ್ಕಿಂತ ನಿನಗೆ ಹಾಕುವುದು ಮೇಲು ಎಂದು ಸಭೆಯಲ್ಲಿ ತೀರ್ಮಾನವಾಯಿತು. ಕಾರ್ಯಕ್ರಮ ಇಪ್ಪತ್ತೊಂಬತ್ತನೇ ತಾರೀಖು, ಭಾನುವಾರ ಸಂಜೆ 4.75ಕ್ಕೆ. ಐದಕ್ಕೆ ಕಾಲು ಗಂಟೆ ಇರುವಾಗ ಎಂದರ್ಥ. ನಗಬೇಡ. ಇಪ್ಪತ್ತೆಂಟು ವರ್ಷ ಕನ್ನಡಕದ ಚೀಟಿ ಬರೆದ ಕೈ, ಕಾಲು ಅರೆ ಮುಕ್ಕಾಲು ಬಿಟ್ಟರೆ ಬೇರೆ ಲೆಕ್ಕ ಅದಕ್ಕೆ ಬರುವುದಿಲ್ಲ.

ಫಲಕದಲ್ಲಿ "ಪ್ರಸಿದ್ಧ ಗಿಟಾರ್ ವಾದಕಿ" ಎಂದು ಬರೆಸಿದ್ದರು. ಬರೀ ಗಿಟಾರ್ ಅಲ್ಲ, ಬೇಸ್ ಗಿಟಾರ್ ಎಂದು ನಾನು ತಿದ್ದಿಸಿದೆ. ಹಾಗಂದರೇನು ಎಂದು ಸಂಘದ ಕಾರ್ಯದರ್ಶಿ ಮೇಡಂ ಕೇಳಿದರು. ಅದೇ ಮೇಡಂ, ಆಗಲೂ ಅವರೇ, ಈಗಲೂ ಅವರೇ, ಕುರ್ಚಿ ಬಿಟ್ಟು ಏಳುವ ಜಾತಿಯಲ್ಲ. ನಾನು ಕೆಮ್ಮಿದೆ. ನೀನು ಹದಿನೈದು ವರ್ಷದವಳಿದ್ದಾಗ ಅದನ್ನು ಮನೆಗೆ ತಂದ ದಿನ ನಾನು ತಂತಿ ಎಣಿಸಿ, ನಾಲ್ಕೇ ಇವೆಯಲ್ಲ, ಉಳಿದ ಎರಡು ಎಲ್ಲಿ, ಅಂಗಡಿಯವನು ಮಗುವಿಗೆ ಟೋಪಿ ಹಾಕಿದ್ದಾನೆ ಎಂದು ಜಗಳಕ್ಕೆ ಹೋಗಿದ್ದೆನಲ್ಲ, ಅದನ್ನು ಅವರ ಮುಂದೆ ಹೇಳುವುದು ಹೇಗೆ? ದಪ್ಪ ದನಿಯ ಗಿಟಾರು ಎಂದೆ. ಬರೆದುಕೊಂಡರು.

ಈಗ ನನ್ನ ಮೊದಲ ತಪ್ಪೊಪ್ಪಿಗೆ. ಇದು ಚಿಕ್ಕದು. ನಿನ್ನ ಬದುಕು ನನಗೆ ಬಾಯಿಪಾಠ: ಶಾಲೆಯ ಗೆಳತಿಯರ ಜೊತೆ ಕಾರು ನಿಲ್ಲಿಸುವ ಶೆಡ್ಡಿನಲ್ಲಿ ಶುರು, ಆಮೇಲೆ ಹೋಟೆಲಿನ ಬ್ಯಾಂಡು, ಆಮೇಲೆ ಎರಡು ವರ್ಷ ಹಡಗಿನಲ್ಲಿ, ಅಲ್ಲಿಂದ ದೊಡ್ಡ ಗಾಯಕರ ಜೊತೆ, ಒಟ್ಟು ಒಂಬತ್ತು ಆಲ್ಬಮ್ಮು. ಅಷ್ಟನ್ನೂ ನಮ್ಮ ಕನ್ನಡಕದ ಅಂಗಡಿಯಲ್ಲಿ ಹಾಕಿ ಗಿರಾಕಿಗಳಿಗೆ ಕೇಳಿಸುತ್ತೇನೆ. ನಡುವೆ ತಂತಿ ಮೇಲಕ್ಕೇರಿ ಅಳುತ್ತದಲ್ಲ, ಅಲ್ಲಿ ಬೆರಳೆತ್ತಿ "ಹಾಂ, ಇದೇ ನನ್ನ ಮಗಳು" ಎನ್ನುತ್ತೇನೆ. ಎಷ್ಟೋ ಜನ ಕಣ್ಣು ಒರೆಸಿಕೊಂಡಿದ್ದಾರೆ. ಅದು ಪರೀಕ್ಷೆಗೆ ಹನಿ ಮದ್ದು ಹಾಕಿದ ಕಣ್ಣು ಎಂದು ಈಗ ಒಪ್ಪಿಕೊಳ್ಳಬಹುದು.

ಹೋದ ಮಂಗಳವಾರ ಪಕ್ಕದ ಮನೆಯ ಲಿಫ್ಟ್ ಮಾಮ ಕನ್ನಡಕದ ಕಡ್ಡಿ ಬಿಗಿ ಮಾಡಿಸಲು ಬಂದರು. ಹೆಸರು ನೋಡಿ ಕಾಗದ ಮಡಿಸಿಡಬೇಡ, ಪೂರ್ತಿ ಓದು. ನಾನು ಯಾರಿಗೋ ಬೆರಳೆತ್ತಿ ತೋರಿಸುತ್ತಿದ್ದೆ. ಗಿರಾಕಿ ಹೋಗುವ ತನಕ ಕಾದು ಅವರು ಮೆಲ್ಲಗೆ ಹೇಳಿದರು. "ಅದಲ್ಲ ಕನ್ನಡಕದಮ್ಮ. ಅದು ಬೇರೆ ಯಾರೋ. ಈ ಪುಟ್ಟ ಸ್ಪೀಕರ್ ಡಬ್ಬೀಲಿ ನಿಮ್ಮ ಮಗಳು ಕೇಳಿಸೋದೇ ಇಲ್ಲ."

ಇಷ್ಟು ವರ್ಷ ಊರಿಗೆಲ್ಲ ಬೇರೆಯವರ ಮಗಳನ್ನು ನನ್ನವಳು ಎಂದು ತೋರಿಸುತ್ತಿದ್ದೆನೇ? ಬೇರೆಯವರ ಮಗನೂ ಇರಬಹುದು! ಕಣ್ಣು ಪರೀಕ್ಷೆಗೆ ಕೂತವರನ್ನು "ಇದು ಚೆನ್ನಾಗಿ ಕಾಣುತ್ತಾ, ಅದು ಚೆನ್ನಾಗಿ ಕಾಣುತ್ತಾ" ಎಂದು ಕೇಳುವುದು ನನ್ನ ಕೆಲಸ. ದೀಪದ ಬುಡದಲ್ಲೇ ಕತ್ತಲೆ ಎಂದು ಹಿರಿಯರು ಸುಮ್ಮನೆ ಹೇಳಲಿಲ್ಲ.

ಅಂಗಡಿ ಮುಚ್ಚಿಸಿ ಮಾಮ ನನ್ನನ್ನು ಅವರ ಮನೆಗೆ ಕರೆದುಕೊಂಡು ಹೋದರು. ನೀನು ಹೋದ ಮೇಲೆ ನಾನು ಆ ಮನೆಯ ಹೊಸ್ತಿಲು ದಾಟಿದ್ದು ಎರಡೇ ಸಲ. ಒಂದು, ನಾಲ್ಕು ವರ್ಷದ ಹಿಂದೆ ಮಾಮನ ಹೆಂಡತಿ, ನಿನ್ನ ಅತ್ತೆ, ತೀರಿಕೊಂಡ ದಿನ. ಕರೆದರೂ ತಿರುಗಿ ನೋಡುತ್ತಿರಲಿಲ್ಲವಲ್ಲ ಅವರು, "ಜಂಬದ ಅತ್ತೆ" ಎಂದು ನೀನು ಹೆಸರಿಟ್ಟಿದ್ದೆ. ಇನ್ನೊಂದು ಈಗ. ನಿನ್ನ ಕೋಣೆಗೂ ಅವರ ಕೋಣೆಗೂ ನಡುವೆ ಇರುವುದು ಒಂದೇ ಗೋಡೆ, ಅದರ ಪಕ್ಕದಲ್ಲೇ ಅವರ ದೊಡ್ಡ ಸ್ಪೀಕರು. ಗೋಡೆಯ ಮೇಲೆ ಭುಜದೆತ್ತರಕ್ಕೆ ಒಂದು ಕಂದು ಕಲೆ, ಸುತ್ತ ಬಣ್ಣ ಮಾಸಿತ್ತು. ಗಂಡಸು ಒಬ್ಬನೇ ಇದ್ದರೆ ಇಷ್ಟೇ, ಗೋಡೆ ಒರೆಸುವುದೂ ಗೊತ್ತಾಗುವುದಿಲ್ಲ ಎಂದುಕೊಂಡೆ. ಮಾಮ ನಿನ್ನ ಆಲ್ಬಮ್ಮು ಹಾಕಿ, ಸ್ಪೀಕರಿನ ಮೇಲೆ ಕೈ ಇಡಿ ಎಂದರು. ಇಟ್ಟೆ. ಅಂಗೈಯಿಂದ ಮೊಣಕೈ ತನಕ ಏನೋ ಓಡಾಡಿತು. "ಇವಳು ನಿಮ್ಮ ಮಗಳು. ಹಾಡನ್ನ ಎತ್ತಿ ಹಿಡಿದಿರೋದು ಇವಳೇ. ಮೂವತ್ತೈದು ವರ್ಷ ಲಿಫ್ಟಿನ ಮೋಟರಿಗೆ ಕಿವಿ ಕೊಟ್ಟೋನು ನಾನು, ಕೆಳಗಿನ ದನಿ ನನಗೆ ತಪ್ಪಲ್ಲ" ಎಂದರು. ದುಂಬಿ, ನನಗೆ ಅಳು ಬಂತು. ಮಗುವಾಗಿದ್ದಾಗ ಬಾಯಿ ಮುಚ್ಚಿಕೊಂಡೇ ಗುಂಯ್ ಎನ್ನುತ್ತಿದ್ದೆಯಲ್ಲ, ಅದಕ್ಕೇ ದುಂಬಿ ಎಂದು ಕರೆದೆವು. ಆ ದನಿ ಅಲ್ಲಿತ್ತು. ನಾನು ಮೇಲೆಲ್ಲೋ ಹುಡುಕುತ್ತಿದ್ದೆ.

ಆಮೇಲೆ ಅವರು ಹೇಳಿದ ಮಾತಿಗೆ ನನ್ನ ತಲೆ ಕೆಟ್ಟು ಮೊಸರು ಗಡಿಗೆಯಾಗಿದೆ. ಮಾಮನಿಗೆ ಮೆಟ್ಟಿಲು ಹತ್ತಲು ಆಗುತ್ತಿಲ್ಲ, ಮೂವತ್ತನೇ ತಾರೀಖು ಮನೆ ಬಿಟ್ಟು ತಂಗಿಯ ಮನೆಗೆ ಹೋಗುತ್ತಾರೆ. ಹೋಗುವ ಮೊದಲು ಒಂದು ಮಾತು ಎಂದರು. "ಆ ದೂರಿನ ಚೀಟಿ ಬರೆದೋಳು ನನ್ನ ಹೆಂಡತಿ. ಅವಳನ್ನ ಕ್ಷಮಿಸಿಬಿಡು ಅಂತ ದುಂಬಿಗೆ ಹೇಳಿ. ಫಲಕದ ದಿನ ಬಂದು ತನ್ನ ಹಳೇ ಕೋಣೇಲಿ ಹತ್ತು ನಿಮಿಷ ನುಡಿಸಲಿ. ನಾನು ಈ ಕಡೆ ಕೂತು ಕೇಳಿ ಹೊರಡ್ತೀನಿ."

ಆ ಚೀಟಿ. ಸಂಘದ ದೂರು ಪೆಟ್ಟಿಗೆಯಲ್ಲಿ ಸಿಕ್ಕಿದ, ಸಹಿಯಿಲ್ಲದ ಚೀಟಿ. ಹದಿಮೂರನೇ ಮನೆಯ ಗುಂಗುಂ ಶಬ್ದಕ್ಕೆ ಗೋಡೆ ಅದುರುತ್ತದೆ, ಪಾತ್ರೆಗಳು ಅಲುಗುತ್ತವೆ, ನಿಲ್ಲಿಸಬೇಕು ಎಂದು ಅದರಲ್ಲಿತ್ತು. ನಮ್ಮ ಗೋಡೆ ಅದುರಿದರೆ ಗೊತ್ತಾಗುವುದು ಒಂದೇ ಮನೆಗೆ. ಇನ್ನಾರು ಬರೆಯುತ್ತಾರೆ ಎಂದು ಎಲ್ಲರೂ ಅಂದುಕೊಂಡರು. ಮೇಡಂ ಮನೆಗೆ ಬಂದು, ಇನ್ನು ಮೇಲೆ ನುಡಿಸಕೂಡದು ಎಂದು ಹೇಳಿ ಹೋದರು. ಹತ್ತೊಂಬತ್ತು ವರ್ಷದ ನೀನು ನೇರವಾಗಿ ಮಾಮನ ಗೇಟಿಗೆ ಹೋದೆ. ಇಡೀ ಬೀದಿಗೆ ಕೇಳುವ ಹಾಗೆ "ಎದುರಿಗೆ ಹೇಳೋಕೆ ಧೈರ್ಯ ಇಲ್ಲದ ಹೇಡಿ" ಎಂದೆ. ಕೈಯಲ್ಲಿ ನೀರಿನ ಪೈಪು ಹಿಡಿದಿದ್ದ ಆ ಮನುಷ್ಯನ ಚಪ್ಪಲಿಯ ಮೇಲೆ ನೀರು ಸುರಿಯುತ್ತಲೇ ಇತ್ತು. ಮೂರನೆಯ ದಿನ ನೀನು ಗಿಟಾರು ಹೊತ್ತು ಬಸ್ಸು ಹತ್ತಿದೆ. ಅಂದಿನಿಂದ ನನ್ನನ್ನು ಅಂಗಡಿಯಲ್ಲೋ ಬಸ್ ನಿಲ್ದಾಣದಲ್ಲೋ ನೋಡಿ ಹೋಗುತ್ತೀಯ, ಈ ಬೀದಿಗೆ ಕಾಲಿಟ್ಟಿಲ್ಲ. ಹೋದ ವರ್ಷ ರೇಡಿಯೋದಲ್ಲಿ "ನಮ್ಮ ಪಕ್ಕದ ಮನೆಯವರು ನನ್ನ ದನಿ ಅಡಗಿಸೋಕೆ ನೋಡಿದರು, ಇವತ್ತಿಗೂ ಅವರ ಗೋಡೆಗೇ ನುಡಿಸ್ತೀನಿ" ಎಂದೆಯಲ್ಲ, ಮಾಮ ಅದನ್ನೂ ಕೇಳಿದ್ದಾರೆ.

ಈಗ ದೊಡ್ಡ ತಪ್ಪೊಪ್ಪಿಗೆ. ನೀರು ಕುಡಿದು ಬಂದು ಬರೆಯುತ್ತಿದ್ದೇನೆ.

ಅತ್ತೆ ಬರೆದದ್ದಲ್ಲ. ಮಾಮನೂ ಅಲ್ಲ. ಆ ಚೀಟಿ ಬರೆದವಳು ನಾನು.

ಅಕ್ಷರ ಗೊತ್ತಾಗದಿರಲಿ ಎಂದು ಎಡಗೈಯಲ್ಲಿ ಬರೆದೆ. ಯಾಕೆ ಬರೆದೆ ಎಂದು ಕೇಳಿದರೆ ಇವತ್ತಿಗೂ ತಲೆಬುಡ ಗೊತ್ತಾಗುವುದಿಲ್ಲ. ನಿನ್ನ ಪರೀಕ್ಷೆ ಹತ್ತಿರ ಬಂದಿತ್ತು, ಅದಕ್ಕೆಂದು ಆಗ ಸಮಾಧಾನ ಮಾಡಿಕೊಂಡೆ. ಆದರೆ ಅದೇ ವಾರ ಹೋಟೆಲಿನ ಬ್ಯಾಂಡಿನವರು ನಿನ್ನನ್ನು ಕರೆದಿದ್ದರು. ನಿನ್ನ ಅಪ್ಪ ಹೋದ ಮೇಲೆ ಈ ಮನೆಯಲ್ಲಿ ನಾವಿಬ್ಬರೇ. ನುಡಿಸುವುದು ನಿಂತರೆ ನೀನು ನಿಲ್ಲುತ್ತೀಯ ಎಂದುಕೊಂಡೆ. ನಾನೇ ಬೇಡ ಎಂದರೆ ನನ್ನ ಮೇಲೆ ಸಿಟ್ಟಾಗುತ್ತೀಯ, ಸಂಘ ಬೇಡ ಎಂದರೆ ನನ್ನ ಮಡಿಲಿಗೆ ಬಂದು ಅಳುತ್ತೀಯ, ಇದು ನನ್ನ ಲೆಕ್ಕ. ನೀನು ಹೋಗದಿರಲೆಂದು ಬರೆದ ಚೀಟಿಯೇ ನಿನ್ನನ್ನು ಕಳಿಸಿತು. ಗೇಟಿನ ಮುಂದೆ ನೀನು ಕೂಗಾಡುವಾಗ ನಾನು ಪರದೆಯ ಹಿಂದೆ ನಿಂತಿದ್ದೆ. ಹೇಡಿ ಎಂದು ನೀನು ಬೈದದ್ದು ಸರಿಯಾಗಿಯೇ ಇತ್ತು, ವಿಳಾಸ ಮಾತ್ರ ತಪ್ಪು.

ನಾಚಿಕೆಯ ಇನ್ನೊಂದು ಮಾತು. ಮಾಮ "ನನ್ನ ಹೆಂಡತಿ" ಎಂದಾಗ ನನ್ನೊಳಗೆ ಭಾರ ಇಳಿದಂತಾಯಿತು. ಒಂದು ಕ್ಷಣ, ಅತ್ತೆಯೂ ಬೇರೆ ಚೀಟಿ ಹಾಕಿದ್ದರೇನೋ, ನನ್ನದು ಪೆಟ್ಟಿಗೆಯಲ್ಲೇ ಉಳಿದಿತ್ತೇನೋ ಎಂದು ನನಗೇ ಅನುಮಾನ ಬಂತು. ಸತ್ತವರ ಮೇಲೆ ಹಾಕಿದರೆ ಯಾರಿಗೂ ನೋವಿಲ್ಲ, ನೀನೂ ಬರುತ್ತೀಯ, ಫಲಕವೂ ಆಗುತ್ತದೆ, ಮಾಮನೂ ಕೇಳಿ ಹೋಗುತ್ತಾರೆ. ಈ ಕಾಗದವನ್ನು ಮೊದಲು ಹಾಗೆಯೇ ಬರೆದೆ. ಓದಿದೆ. ತುಂಬ ಚೆನ್ನಾಗಿತ್ತು. ಹರಿದು ಹಾಕಿದೆ.

ಇದನ್ನು ಓದಿ ನೀನು ಬರುತ್ತೀಯೋ, ಇನ್ನೆಂದೂ ಬರುವುದಿಲ್ಲವೋ ನನಗೆ ಗೊತ್ತಿಲ್ಲ. ಸುಳ್ಳು ಹೇಳಿ ನಿನ್ನನ್ನು ಮನೆಗೆ ಕರೆಸುವುದೋ, ನಿಜ ಹೇಳಿ ಕಳೆದುಕೊಳ್ಳುವುದೋ? ಎರಡು ಗಾಜನ್ನೂ ಹಾಕಿ ನೋಡಿದೆ, ಎರಡರಲ್ಲೂ ಮಸುಕು. ನಾಳೆ ಮಾಮನಿಗೂ ಹೇಳುತ್ತೇನೆ. ಅವರಿಗೆ ಹೇಳದೆ ಇದನ್ನು ಅಂಚೆಗೆ ಹಾಕುವುದಿಲ್ಲ.

ಹೊತ್ತಿಗೆ ಸರಿಯಾಗಿ ಊಟ ಮಾಡು. ಸಿಟ್ಟು ಬಂದರೆ ಪೂರ್ತಿ ಸಿಟ್ಟು ಮಾಡಿಕೋ, ಅರೆಬರೆ ಬೇಡ.

ನಿನ್ನ ದನಿಯನ್ನು ತಡವಾಗಿ ಕೇಳಿಸಿಕೊಂಡ,
ಅಮ್ಮ

ಮತ್ತೆ ಸೇರಿಸಿದ್ದು, ಸೋಮವಾರ:

ಮಾಮನ ಮನೆಗೆ ಹೋಗಿ ಹೇಳಿದೆ. ಬೈಯುತ್ತಾರೆ, ಇಲ್ಲ ಬಾಗಿಲು ಹಾಕಿಕೊಳ್ಳುತ್ತಾರೆ ಎಂದುಕೊಂಡಿದ್ದೆ. ಅವರು ಕನ್ನಡಕದ ಡಬ್ಬಿ ತೆಗೆದರು. ನಾನೇ ಕೊಟ್ಟ ಡಬ್ಬಿ ಅದು. ಅದರ ಬಟ್ಟೆಯ ಅಡಿಯಿಂದ ಮಡಿಸಿದ ಕಾಗದ ಹೊರಗೆ ಬಂತು. ಆ ಚೀಟಿ! ಆಗ ಅವರೂ ಸಮಿತಿಯಲ್ಲಿದ್ದರು, ಮೇಡಂ ಓದಿ ಮೇಜಿನ ಮೇಲಿಟ್ಟ ಕೂಡಲೇ ಜೇಬಿಗೆ ಹಾಕಿಕೊಂಡಿದ್ದರಂತೆ. "ಸಂಜೆ 5.75ರಿಂದ 7.25ರವರೆಗೆ ತಡೆಯಲಾಗದ ಶಬ್ದ" ಎಂದು ಬರೆದಿದ್ದೇನೆ ನಾನು. ಎಡಗೈಯಲ್ಲಿ ಬರೆದರೇನು! "ಐದೂ ಮುಕ್ಕಾಲಿಗೆ ಹೀಗೆ ಬರೆಯೋರು ಈ ಬಡಾವಣೇಲಿ ಇನ್ಯಾರಿದ್ದಾರೆ ಕನ್ನಡಕದಮ್ಮ? ನನ್ನ ಕನ್ನಡಕದ ಚೀಟೀಲೂ ಇದೇ ಚುಕ್ಕಿ, ಇದೇ ಎಪ್ಪತ್ತೈದು" ಎಂದು ನಕ್ಕರು.

ಮತ್ತೆ ಯಾಕೆ ಬಾಯಿ ಬಿಡಲಿಲ್ಲ ಎಂದು ಕೇಳಿದೆ. "ಪಕ್ಕದ ಮನೆಯೋನ ಮೇಲೆ ಸಿಟ್ಟು ಇಟ್ಕೊಂಡು ಹುಡುಗಿ ಬದುಕಬಹುದು. ತಾಯಿ ಮೇಲೆ ಇಟ್ಕೊಂಡು ಎಲ್ಲಿಗೆ ಹೋಗ್ತಾಳೆ?" ಎಂದರು. ಈಗ ಹೆಂಡತಿಯ ಮೇಲೆ ಹಾಕಿದ್ದು ನನಗೆ ತಪ್ಪಿಸಿಕೊಳ್ಳಲು ದಾರಿಯಾಗಲಿ ಎಂದೇ ಅಂತೆ. ಅವಳು ಬೇಜಾರು ಮಾಡಿಕೊಳ್ಳುವುದಿಲ್ಲ, ನಗುತ್ತಾಳೆ ಎಂದರು.

ಆಮೇಲೆ ಗೋಡೆಯ ಕಲೆ ತೋರಿಸಿದರು. ಅತ್ತೆಗೆ ಐವತ್ತರ ಆಸುಪಾಸಿನಲ್ಲೇ ಕಿವಿ ಹೋಗಿತ್ತಂತೆ, ಸಂಕೋಚಕ್ಕೆ ಯಾರಿಗೂ ಹೇಳಿರಲಿಲ್ಲ. ಜಂಬವಲ್ಲ ದುಂಬಿ, ನಾವು ಕರೆದದ್ದು ಅವರಿಗೆ ಕೇಳುತ್ತಲೇ ಇರಲಿಲ್ಲ. ದಿನಾ ಸಂಜೆ ನೀನು ನುಡಿಸುವ ಹೊತ್ತಿಗೆ ಬಂದು ಅದೇ ಜಾಗದಲ್ಲಿ ಗೋಡೆಗೆ ಅಂಗೈ ಇಟ್ಟು ನಿಲ್ಲುತ್ತಿದ್ದರು. ಅವರಿಗೆ ತಿಳಿಯುತ್ತಿದ್ದ ಸಂಗೀತ ಅದೊಂದೇ. ನೀನು ಹೋದ ಮೇಲೂ ಎಷ್ಟೋ ತಿಂಗಳು ಅಲ್ಲೇ ಕೈಯಿಟ್ಟು, "ಇವತ್ತು ಮಗುಗೆ ಹುಷಾರಿಲ್ವೇನೋ, ನಾಳೆ ನುಡಿಸ್ತಾಳೆ" ಎನ್ನುತ್ತಿದ್ದರಂತೆ.

ಬರುವುದಾದರೆ ನಿನ್ನ ಕೋಣೆಯಲ್ಲೇ ನುಡಿಸು. ನಾನು ನಿನ್ನ ಎದುರು ಕೂರುವುದಿಲ್ಲ, ಮಾಮನ ಜೊತೆ ಗೋಡೆಯ ಆ ಕಡೆ ಇರುತ್ತೇನೆ. ಆ ಕಲೆಯ ಮೇಲೆ ಕೈ ಇಟ್ಟು ನೋಡಿ ಎಂದು ಮಾಮ ಹೇಳಿದರು. ಇವತ್ತು ನನ್ನಿಂದ ಆಗಲಿಲ್ಲ.