ನೀವು ಕತ್ತರಿಸಿದ ಮೂರು ಸೆಕೆಂಡು

ಮರುಗಾಡಿನ ನಲವತ್ತೊಂದನೇ ವರ್ಷ, ಎರಡನೇ ಬೇಸಿಗೆಯ ಹದಿನೇಳನೇ ದಿನ.
ನಿಮ್ಮ ಲೆಕ್ಕದಲ್ಲಿ ಕ್ರಿಸ್ತಶಕ 2306 ಇರಬಹುದು, ಒಂದೆರಡು ವರ್ಷ ಆಚೀಚೆ.

ಚಿತ್ರ ಸಂಕಲನ ಮಾಡುವ ಶ್ರೀಮತಿ ಸುಲೋಚನಾ ಬಾಳೆಕುದ್ರು ಅವರಿಗೆ ಹೊನ್ನೆ ಮಾಡುವ ನಮಸ್ಕಾರಗಳು.

ಅಮ್ಮಾ, ನನ್ನ ಕನ್ನಡ ನಿಮಗೆ ವಿಚಿತ್ರವಾಗಿ ಕಂಡರೆ ಮನ್ನಿಸಬೇಕು. ನಿಮ್ಮ ಕಾಲದ ಮಾತನ್ನು ನಾನು ಕಲಿತದ್ದು ನಿಮ್ಮ ಸಿನಿಮಾಗಳಿಂದ. ಹಾಗಾಗಿ ನಡುವೆ ಎಲ್ಲಾದರೂ ಖಳನಾಯಕನ ಧಾಟಿ ಇಣುಕಿದರೆ ಅದು ಕೋಪವಲ್ಲ, ಅಭ್ಯಾಸ. ಕೋಪವೂ ಇದೆ, ಅದನ್ನು ಮುಂದೆ ಹೇಳುತ್ತೇನೆ. ಇಂಥ ಕಾಗದವನ್ನು ನಾವು ಹಿಂದೋಲೆ ಎನ್ನುತ್ತೇವೆ. ನಾವು ಹುಟ್ಟುವ ಮೊದಲೇ ತೀರಿಕೊಂಡವರಿಗೆ ಬರೆಯುವ ಓಲೆ ಇದು, ಒಬ್ಬರಿಗೆ ಆಯುಷ್ಯದಲ್ಲಿ ಒಂದೇ. ತಲುಪುತ್ತದೋ ಇಲ್ಲವೋ ಯಾರೂ ಕಂಡಿಲ್ಲ. ಹೆಚ್ಚಿನವರು ತಮ್ಮ ಮುತ್ತಜ್ಜಿಗೆ ಬರೆದು ಕಣ್ಣೀರು ಒರೆಸಿಕೊಂಡು ಹೋಗುತ್ತಾರೆ. ನಾನು ನಿಮಗೆ ಬರೆಯುತ್ತಿದ್ದೇನೆ, ಏಕೆಂದರೆ ‘ಮೂರನೇ ಕಣಿವೆಯ ನೀಲಮಣಿ’ ಎಂಬ ಚಿತ್ರದ ಕೊನೆಯಲ್ಲಿ ಸಂಕಲನ ಎಂಬ ಪದದ ಕೆಳಗೆ ನಿಮ್ಮ ಹೆಸರಿದೆ.

ನಮ್ಮ ಬದುಕನ್ನು ಸ್ವಲ್ಪ ಹೇಳದಿದ್ದರೆ ನನ್ನ ಬೇಡಿಕೆ ನಿಮಗೆ ಹುಚ್ಚಾಟವಾಗಿ ಕಾಣುತ್ತದೆ. ನಾವಿರುವುದು ತಗ್ಗುಮನೆಗಳಲ್ಲಿ, ಅಂದರೆ ನೆಲ ಅಗೆದು ಮಾಡಿದ ಕೋಣೆಗಳಲ್ಲಿ. ಬಿಸಿಲು ಗೋಡೆಯ ತಲೆ ಮುಟ್ಟುವವರೆಗೆ ಮಾತ್ರ ಹೊರಗೆ ಓಡಾಟ, ಆಮೇಲೆ ಬಾಗಿಲಿಗೆ ಒದ್ದೆ ಗೋಣಿ ಬೀಳುತ್ತದೆ. ಊಟಕ್ಕೆ ಹುರುಳಿ ಗಂಜಿ, ಪಾಚಿಯ ರೊಟ್ಟಿ. ಮಕ್ಕಳಿಗೆ ಸ್ನಾನವೆಂದರೆ ಹದಿನೈದು ದಿನಕ್ಕೊಮ್ಮೆ ಒದ್ದೆ ಬಟ್ಟೆಯಲ್ಲಿ ಮೈ ಒರೆಸುವುದು. ಅವರಿಗೆ ಮರದ ಹೆಸರಿಡುವುದು ನಮ್ಮ ಪದ್ಧತಿ; ಯಾರೂ ನೋಡಿರದ ಮರದ ಹೆಸರು. ನನ್ನ ದೊಡ್ಡ ಮಗಳು ಸುರಗಿ, ಚಿಕ್ಕವಳು ನೇರಳೆ. ಊರಿನ ಬಾವಿ ಇನ್ನು ಎರಡು ಬೇಸಿಗೆ ತಾಳಬಹುದು. ಅಷ್ಟರೊಳಗೆ ನಾವು ಮರುಗಾಡಿಗೆ ಹೋಗಬೇಕು. ಜನ ಬಿಟ್ಟುಹೋದ ಘಟ್ಟದ ಇಳಿಜಾರಿನಲ್ಲಿ ತಾನಾಗಿಯೇ ಮತ್ತೆ ಹುಟ್ಟಿಕೊಂಡ ಕಾಡು ಅದು. ಆರು ದಿನ ಒಳಗೆ ನಡೆದರೆ ಶುದ್ಧ ನೀರಿನ ಕೆರೆಯೊಂದಿದೆ. ದಾರಿಯ ತೊರೆಗಳಲ್ಲೆಲ್ಲ ಹಳೆಯ ಕಾರ್ಖಾನೆಗಳ ವಿಷ. ಒಬ್ಬರ ಬೆನ್ನು ಹೊರುವುದು ನಾಲ್ಕು ದಿನದ ನೀರು. ಉಳಿದ ಎರಡು ದಿನ ಏನು ಕುಡಿಯಬೇಕು? ನಮ್ಮ ಊರು ಉಳಿಯುವುದು, ಅಳಿಯುವುದು ಈ ಒಂದು ಪ್ರಶ್ನೆಯ ಮೇಲೆ ನಿಂತಿದೆ.

ಕಾಡು ಬಲ್ಲವರು ಬರೆದ ಪುಸ್ತಕಗಳು ನಿಮ್ಮ ಕಾಲದಲ್ಲಿ ಇದ್ದವಂತೆ, ಅಲ್ಲೊಂದು ಇಲ್ಲೊಂದು ಪ್ರತಿ. ಅವು ಹೋದವು. ನಿಮ್ಮ ಸಾಹಸಚಿತ್ರಗಳು ಮನೆಮನೆಯಲ್ಲಿ ಇದ್ದವು, ಅವು ಉಳಿದವು. ನಮ್ಮ ತೆರೆಮನೆಯಲ್ಲಿ ಅಂಥ ಮುನ್ನೂರ ಹನ್ನೆರಡು ಚಿತ್ರಗಳಿವೆ. ಅವನ್ನು ನೋಡುವುದೇ ನನ್ನ ಕೆಲಸ. ನನ್ನನ್ನು ಹಿನ್ನೆಲೆಗಾರ್ತಿ ಎನ್ನುತ್ತಾರೆ. ನಾಯಕ ಏನು ಮಾಡುತ್ತಾನೆ ಎಂಬುದು ನಮಗೆ ಬೇಡ, ಅವನ ಬೆನ್ನ ಹಿಂದಿನ ಎಲೆ ಬೇಕು. ಅದಕ್ಕೆ ಮನುಷ್ಯರು ಕಂಡಲ್ಲೆಲ್ಲ ಅವರ ಮೇಲೆ ಕಪ್ಪುಪಟ್ಟಿ ಎಳೆಯುತ್ತೇವೆ. ಮುಖ ಕಂಡರೆ ಕಣ್ಣು ಅಲ್ಲಿಗೇ ಹೋಗುತ್ತದೆ, ಎಲೆ ತಪ್ಪಿಹೋಗುತ್ತದೆ ಎಂದು ನನಗೆ ಕಲಿಸಿದವರು ಹೇಳಿದ್ದರು. ಇಪ್ಪತ್ತಾರು ವರ್ಷ ನಾನು ಪಟ್ಟಿ ಎಳೆದಿದ್ದೇನೆ. ನೋಡಿದ್ದನ್ನೆಲ್ಲ ‘ಕಾಡಿನ ಪಾಠ’ ಎಂಬ ಪುಸ್ತಕವಾಗಿ ಬರೆದಿದ್ದೇನೆ.

ನಿಮ್ಮ ಚಿತ್ರಗಳ ಕಾಡು ಎಂಥದ್ದು ಎಂದು ನಿಮಗೆ ಗೊತ್ತೇ ಇದೆ. ನಾಯಕ ಜಲಪಾತಕ್ಕೆ ಹಾರಿದರೂ ಅವನ ಟೋಪಿ ಬೀಳುವುದಿಲ್ಲ. ನಾಯಕಿ ಮೂರು ದಿನ ಕೆಸರಿನಲ್ಲಿ ನಡೆದರೂ ಕಣ್ಣಿನ ಕಾಡಿಗೆ ಹರಡುವುದಿಲ್ಲ. ಹಾವು ಯಾವಾಗಲೂ ಮೇಲಿನಿಂದಲೇ ಬೀಳುತ್ತದೆ, ಅದೂ ನಗಿಸುವ ಪಾತ್ರಧಾರಿಯ ಹೆಗಲಿಗೇ. ಇದನ್ನೆಲ್ಲ ನಾವು ನಂಬಿದೆವು ಎಂದರೆ ನಗಬೇಡಿ. ನಮ್ಮ ಮೊದಲ ತಂಡ ಹಾವಿಗೆ ಹೆದರಿ ಕತ್ತು ಮೇಲೆತ್ತಿಕೊಂಡೇ ನಡೆದು, ಬೇರಿಗೆ ಎಡವಿ ಮಂಡಿ ಒಡೆದುಕೊಂಡಿತು. ಉಂಬಳ ಎಂಬ ರಕ್ತ ಹೀರುವ ಹುಳ ನಮ್ಮಲ್ಲಿರುವ ಒಂದು ಚಿತ್ರದಲ್ಲೂ ಇಲ್ಲ. ಅದು ಕಾಲಿಗೆ ಹತ್ತಿದಾಗ ತಂಡದ ಮಕ್ಕಳು ಸಾವೇ ಬಂತೆಂದು ಕೂಗಿಕೊಂಡರಂತೆ. ಸಾವು ಬಂದದ್ದು ಬೇರೆ ಕಡೆಯಿಂದ.

ನಿಮ್ಮ ಚಿತ್ರದಲ್ಲಿ ನಾಯಕನಿಗೆ ಬಾಯಾರುತ್ತದೆ. ಕರಿ ತೊಗಟೆಯ ದಪ್ಪ ಬಳ್ಳಿಯೊಂದನ್ನು ಮಚ್ಚಿನಿಂದ ಕಡಿಯುತ್ತಾನೆ. ನೀರು ಧಾರೆಯಾಗಿ ಸುರಿಯುತ್ತದೆ, ಕುಡಿಯುತ್ತಾನೆ, ಮೀಸೆ ಒರೆಸಿಕೊಂಡು ನಗುತ್ತಾನೆ. ಆ ದೃಶ್ಯ ತೆಗೆದದ್ದು ಇದೇ ಇಳಿಜಾರಿನಲ್ಲಿ. ಹಿಂದಿನ ಬಂಡೆಯ ಗುರುತು ಹಿಡಿದವಳು ನಾನೇ. ಅವತ್ತು ತೆರೆಮನೆಯಲ್ಲಿ ಕುಣಿದಾಡಿಬಿಟ್ಟೆ. ನಾಯಕನ ಮೇಲೂ ಪಕ್ಕದವರ ಮೇಲೂ ಪಟ್ಟಿ ಎಳೆದು ಬಳ್ಳಿ, ತೊಗಟೆ, ನೀರು ಇಷ್ಟನ್ನೇ ಉಳಿಸಿದೆ. ಪಾಠದಲ್ಲಿ ಬರೆದೆ: ಕರಿ ತೊಗಟೆಯ ಬಳ್ಳಿ, ಕಡಿದು ಕುಡಿಯಬಹುದು.

ಆ ಮೊದಲ ತಂಡದಲ್ಲಿ ಹನ್ನೊಂದು ಮಂದಿ ಹೊರಟರು. ಸುರಗಿ ಅವರ ಮುಂದಾಳು. ಹೊತ್ತ ನೀರನ್ನು ಉಳಿಸೋಣವೆಂದು ಮೂರನೇ ದಿನವೇ ಬಳ್ಳಿ ಕಡಿದರು. ನೀರು ಬಂದದ್ದು ಧಾರೆಯಾಗಿ ಅಲ್ಲ, ತೊಟ್ಟುತೊಟ್ಟಾಗಿ, ಸ್ವಲ್ಪ ಮಂದವಾಗಿ. ಯಾರೋ ಹಿಂಜರಿದರಂತೆ. ಆಗ ಸುರಗಿ, “ನಮ್ಮವ್ವ ಬರ್ದಿರೋದು ಕಣ್ರೋ, ಯಾಕ್ ಹೆದರ್ತೀರಿ” ಎಂದು ತಾನೇ ಮೊದಲು ಬಾಯಿಟ್ಟಳು. ಚಿತ್ರಗಳಲ್ಲಿ ಮುಂದಾಳೇ ಮೊದಲು ಕುಡಿಯುವುದಲ್ಲವೇ. ಗಂಟಲು ಬಾತು, ಉಸಿರು ಕಟ್ಟಿ, ಏಳು ಜನ ಸಂಜೆಯೊಳಗೆ ಹೋದರು. ಸರದಿಯಲ್ಲಿ ಹಿಂದಿದ್ದ ನಾಲ್ವರು ಸತ್ತವರ ಪಾಲಿನ ನೀರು ಕುಡಿದು ಹಿಂದಿರುಗಿದರು. ಸುರಗಿಯ ಆ ಮಾತನ್ನು ನನಗೆ ಹೇಳಿದವನು ಆ ನಾಲ್ವರಲ್ಲಿ ಒಬ್ಬ, ಮತ್ತಿ. ಹೇಳದೇ ಇರಬಹುದಿತ್ತು. ಹೇಳಿದ್ದಕ್ಕೆ ಅವನ ಮೇಲೆ ನನಗೆ ಇಂದಿಗೂ ಸಿಟ್ಟಿದೆ.

ಆಮೇಲೆ ನಾನು ಕಪ್ಪುಪಟ್ಟಿ ತೆಗೆದು ಆ ದೃಶ್ಯ ನೋಡಿದೆ. ಇಪ್ಪತ್ತಾರು ವರ್ಷದಲ್ಲಿ ಮೊದಲ ಬಾರಿಗೆ ಮನುಷ್ಯರನ್ನು ಗಮನವಿಟ್ಟು ನೋಡಿದೆ. ನಾಯಕನ ತೋಳಿನ ಹಿಂದೆ ರಬ್ಬರ್ ಕೊಳವೆಯ ತುದಿ ಇತ್ತು. ಅಷ್ಟೆ. ಬಳ್ಳಿಯಿಂದ ಸುರಿದದ್ದು ಕೊಳಾಯಿ ನೀರು.

ನಾಯಕನ ಪಕ್ಕದಲ್ಲಿ ಒಬ್ಬ ಮುದುಕ ನಿಂತಿದ್ದಾನೆ. ಸೊಂಟಕ್ಕೆ ತುಂಡು ಬಟ್ಟೆ, ಕೊರಳಿಗೆ ನೀವು ಹಾಕಿಸಿದ ಕೋಳಿಪುಕ್ಕದ ಹಾರ. ಹೆಸರುಗಳ ಪಟ್ಟಿಯಲ್ಲಿ ಅವನಿಲ್ಲ. ಅಡುಗೆಯವರ ಹೆಸರಿದೆ, ಆನೆಯ ಹೆಸರೂ ಇದೆ. ನಾಯಕ ಮಚ್ಚು ಎತ್ತಿದಾಗ ಮುದುಕ ಅವನ ಮಣಿಕಟ್ಟು ಹಿಡಿಯುತ್ತಾನೆ, ಬಾಯಿ ತೆರೆದು ಏನೋ ಹೇಳುತ್ತಾನೆ. ಅವನ ದನಿಯ ಮೇಲೆ ನಗಾರಿ ಸದ್ದು ಹಾಕಿದ್ದೀರಿ. ನಮ್ಮ ಓಣಿಯ ರೇವಕ್ಕ ಹುಟ್ಟುಕಿವುಡಿ, ತುಟಿ ನೋಡಿ ಮಾತು ಓದುತ್ತಾಳೆ. ಅವಳನ್ನು ಕರೆತಂದು ಕೂರಿಸಿದೆ. ಹನ್ನೆರಡು ಸಲ ನೋಡಿ ಹಲಗೆಯ ಮೇಲೆ ಬರೆದಳು: “ಇದಲ್ಲ ಸಾರ್. ಇದನ್ ಕುಡುದ್ರೆ ಗಂಟ್ಲು ಕಟ್ಟಿ ಸಾಯ್ತಾರೆ. ನೀರಿನ್ ಬಳ್ಳಿ ಅಕಾ, ಆ…” ಅಷ್ಟು ಹೇಳಿ ಮುದುಕ ತೋರಿಸಲು ಕೈ ಎತ್ತುತ್ತಾನೆ. ಕೈ ಎದೆಯ ಮಟ್ಟಕ್ಕೆ ಬಂದಿದೆ, ಬೆರಳು ಇನ್ನೂ ಬಿಚ್ಚಿಲ್ಲ. ಅಲ್ಲಿ ನೀವು ಕತ್ತರಿಸಿದ್ದೀರಿ.

ಅವನಿಗೆ ಗೊತ್ತಿತ್ತು ಅಮ್ಮಾ. ಆ ಮುನ್ನೂರ ಹನ್ನೆರಡು ಚಿತ್ರಗಳಲ್ಲಿ ಕಾಡು ಗೊತ್ತಿದ್ದವನು ಅವನೊಬ್ಬನೇ. ನೀವು ಅವನ ಮಾತಿನ ಮೇಲೆ ನಗಾರಿ ಬಾರಿಸಿದಿರಿ, ನಾನು ಅವನ ಮುಖದ ಮೇಲೆ ಪಟ್ಟಿ ಎಳೆದೆ. ಕೋಪ ಇದೆ ಎಂದೆನಲ್ಲ, ಅದರ ಅರ್ಧ ನಿಮಗೆ, ಅರ್ಧ ನನಗೆ.

ಇನ್ನು ಒಂಬತ್ತು ದಿನಕ್ಕೆ ಎರಡನೇ ತಂಡ ಹೊರಡುತ್ತದೆ. ಮುಂದಾಳು ನೇರಳೆ. ಬೇಡವೆಂದು ಕಾಲು ಹಿಡಿದೆ. “ಬಾವಿ ಬತ್ತೋವರ್ಗೂ ಕೂತ್ಕೊಂಡು ಸಾಯೋಣ ಅಂತೀಯೇನವ್ವ?” ಎಂದಳು. ಮುದುಕನ ಕೈ ಏಳುವ ದಿಕ್ಕಿನಲ್ಲಿ, ಚೌಕಟ್ಟಿನ ಅಂಚಿನಲ್ಲಿ, ಎರಡು ಬಳ್ಳಿಗಳಿವೆ. ಒಂದು ಬಿಳಿಚು ಬಣ್ಣದ್ದು, ಇನ್ನೊಂದು ಗಂಟುಗಂಟಾದದ್ದು. ಅವನ್ನು ಬಿಟ್ಟರೆ ನಮಗೆ ಬೇರೆ ಸುಳಿವಿಲ್ಲ. ತಂಡದವರು ಕುಡಿಯುವ ಮೊದಲು ಒಬ್ಬರು ರುಚಿ ನೋಡಬೇಕು. ಆ ಒಬ್ಬರು ತಾನೇ ಎಂದು ನೇರಳೆ ಆಗಲೇ ಎಲ್ಲರೆದುರು ಹೇಳಿಯಾಗಿದೆ.

ಅದಕ್ಕೇ ಬೇಡುತ್ತಿದ್ದೇನೆ. ಆ ತುಣುಕು ಈಗ ನಿಮ್ಮ ಮುಂದೆ ಇರಬಹುದು. ನಿರ್ಮಾಪಕರು ಬೇಗ ಮುಗಿಸಿ ಎನ್ನುತ್ತಿರಬಹುದು, ಮುದುಕನ ಪಾತ್ರದಿಂದ ಕಥೆಗೇನೂ ಲಾಭವಿಲ್ಲ ಎಂದು ನಿಮಗೂ ಅನಿಸಿರಬಹುದು. ಮೂರು ಸೆಕೆಂಡು ಬಿಡಿ. ಅವನ ಕೈ ಪೂರ್ತಿ ಏಳಲಿ, ಬೆರಳು ಬಿಚ್ಚಲಿ. ಸುರಗಿಯನ್ನು ಮರಳಿ ಕೊಡಿ ಎಂದು ನಾನು ಕೇಳುತ್ತಿಲ್ಲ. ನೀವು ಮೂರು ನಿಮಿಷ ಬಿಟ್ಟಿದ್ದರೂ ಅಂದು ನಾನು ಅವನ ಮೇಲೆ ಪಟ್ಟಿ ಎಳೆದೇ ಎಳೆಯುತ್ತಿದ್ದೆ; ಅವಳನ್ನು ಕಳೆದದ್ದು ನನ್ನ ಕೈ. ನಾನು ಕೇಳುತ್ತಿರುವುದು ನೇರಳೆಯ ಜೀವವನ್ನು. ಈಗ ನಾನು ಪಟ್ಟಿ ಎಳೆಯುವುದಿಲ್ಲ, ಕಣ್ಣು ಬಿಟ್ಟುಕೊಂಡು ಕೂತಿದ್ದೇನೆ. ಆಗುವುದಾದರೆ ಅವನ ಹೆಸರನ್ನೂ ಕೇಳಿ ಕೊನೆಯ ಹೆಸರುಗಳ ಪಟ್ಟಿಯಲ್ಲಿ ಹಾಕಿ. ನಮ್ಮಲ್ಲಿ ಹುಟ್ಟುವ ಮುಂದಿನ ಮಗುವಿಗೆ ಮರದ ಹೆಸರಿನ ಬದಲು ಆ ಹೆಸರಿಡುತ್ತೇವೆ.

ಓಲೆ ತಲುಪಿತೋ ಇಲ್ಲವೋ ತಿಳಿಯಲು ನನಗಿರುವ ದಾರಿ ಒಂದೇ: ನಿಮ್ಮ ಚಿತ್ರವನ್ನು ಮತ್ತೆ ಹಾಕಿ ನೋಡುವುದು. ಈ ಓಲೆಗೆ ಕೂತು ಆರು ದಿನವಾಯಿತು. ಓಲೆ ಒಂದೇ ಆದರೂ ಬರೆದಷ್ಟನ್ನು ದಿನವೂ ಕಳಿಸಿ, ಬೆಳಿಗ್ಗೆ ತೆರೆಮನೆಗೆ ಹೋಗುತ್ತೇನೆ. ನೇರಳೆಯೂ ಬಂದು ಪಕ್ಕದಲ್ಲಿ ಕೂರುತ್ತಾಳೆ. ಇವತ್ತೂ ನೋಡಿದೆವು. ಮುದುಕ ಮಣಿಕಟ್ಟು ಹಿಡಿದ. ಬಾಯಿ ತೆರೆದ. ಕೈ ಎದೆಯವರೆಗೆ ಬಂತು. ನಗಾರಿ ಬಡಿಯಿತು, ನಾಯಕ ಕುಡಿದು ಮೀಸೆ ಒರೆಸಿಕೊಂಡ.

ನೇರಳೆ ಹೊರಡುವ ಮೊದಲು ಇನ್ನು ಎಂಟು ಬೆಳಗಿವೆ.

ನಿಮ್ಮ,
ಹೊನ್ನೆ, ಸುರಗಿ ಮತ್ತು ನೇರಳೆಯ ಅವ್ವ