ಆಸ್ಪತ್ರೆಗೆ ಕಮಾನು ಬೇಡ

ನಮ್ಮ ಕಚೇರಿ, ಮಹಡಿಯ ಕೋಣೆ
ಮಾರ್ಚ್ ೯, ಮಧ್ಯಾಹ್ನ

ಪ್ರೀತಿಯ ಅಪ್ಪಾ,

ಕಣ್ಣಿನ ಕಟ್ಟು ಬಿಚ್ಚಿದರೆಂದು ಅತ್ತೆ ಫೋನಿನಲ್ಲಿ ಹೇಳಿದರು. ಉರಿ ಕಡಿಮೆಯಾಯಿತೆ? ಇದನ್ನು ನೀವೇ ಓದಲು ಹೋಗಬೇಡಿ, ಅತ್ತೆಯಿಂದ ಓದಿಸಿಕೊಳ್ಳಿ. ನಡುನಡುವೆ ಬೈಗುಳ ಬಂದರೆ ಅದು ಅವರದೇ, ನಾನು ಬರೆದದ್ದಲ್ಲ.

ನನಗಂತೂ ಮೈಯೆಲ್ಲ ಉರಿಯುತ್ತಿದೆ. ನಿಮ್ಮ ಸನ್ಮಾನ ಸಮಿತಿಯವರು ನಿನ್ನೆ ಅಮ್ಮನನ್ನೂ ನನ್ನನ್ನೂ ಸಭೆಗೆ ಕರೆದು, ನಿಮ್ಮ ಬಗ್ಗೆ ಅಚ್ಚು ಹಾಕಿಸಿದ ಪುಸ್ತಕವನ್ನು ಕೈಗಿಟ್ಟರು. ಹರೆಯದಲ್ಲಿ ನೀವು ಹಳೆಯ ಅರಮನೆಗಳ ಮಾದರಿಯಲ್ಲಿ ಕಟ್ಟಿದ ಗುಮ್ಮಟ, ಕಮಾನು, ಕೆತ್ತನೆ ಕಂಬಗಳೆಲ್ಲ ಪುಟತುಂಬ ಬಣ್ಣದಲ್ಲಿವೆ. ಆಮೇಲಿನ ಶಾಲೆ, ಮಾರುಕಟ್ಟೆ, ಹೆರಿಗೆ ಆಸ್ಪತ್ರೆಗೆಲ್ಲ ಸೇರಿ ಒಂದೇ ಸಾಲು: ‘ಕೊನೆಗಾಲದಲ್ಲಿ ದಾರಿ ತಪ್ಪಿದರು.’ ಕೊನೆಗಾಲವಂತೆ! ಸಾರಿಗೆ ಉಪ್ಪು ಕಡಿಮೆಯೆಂದು ಅಲ್ಲಿ ಅತ್ತೆಯ ಹತ್ತಿರ ದಿನವೂ ಜಗಳ ಕಾಯುವ ಮನುಷ್ಯನಿಗೆ!

ಇವರಿಗೇನು ಗೊತ್ತು? ಜನ ಬಾಯಿಬಿಟ್ಟುಕೊಂಡು ನೋಡುವ ನೀವೇ ಕಟ್ಟಿದ ಆ ನ್ಯಾಯಾಲಯಕ್ಕೆ ಒಮ್ಮೆ ಸಾಕ್ಷಿಯಾಗಿ ಹೋಗಬೇಕಾಯಿತಲ್ಲ. ಕಿಟಕಿ ಇರಬೇಕಾದ ಕಡೆ ಅಲಂಕಾರದ ಕಂಬ ನಿಂತಿದ್ದ ಹಿಂದಿನ ಕೋಣೆಯಲ್ಲಿ ಮಧ್ಯಾಹ್ನವೆಲ್ಲ ಕೂರಿಸಿದರು. ಬೆವರಿಗೆ ಅಂಟಿದ ಅಂಗಿಯಲ್ಲೇ ಮನೆಗೆ ಬಂದು, ‘ನಾನು ಕಟ್ಟಿದ ಕೋಣೇಲಿ ನಂಗೇ ಉಸಿರು ಕಟ್ತು ಕಣೇ’ ಅಂದಿರಿ. ಅಲ್ಲಿಂದಾಚೆ ನೀವು ಒಂದು ಗುಮ್ಮಟವನ್ನೂ ಬರೆಯಲಿಲ್ಲ. ದೊಡ್ಡ ಗಿರಾಕಿಗಳು ಕೈಬಿಟ್ಟರು, ಗೆಳೆಯರು ನಕ್ಕರು, ನೀವು ಹಿಂದಿರುಗಿ ನೋಡಲಿಲ್ಲ. ಇದು ದಾರಿ ತಪ್ಪುವುದೇ? ನೀವು ಬೆವರಿ ಕಂಡುಕೊಂಡ ದಾರಿಯಲ್ಲವೇ ಅದು?

ಇನ್ನೂ ಕೇಳಿ. ಸಮಿತಿಯ ಅಧ್ಯಕ್ಷರು ನಿಮ್ಮ ಕೈಕೆಳಗೆ ಪೆನ್ಸಿಲ್ ಹಿಡಿಯಲು ಕಲಿತ ಅದೇ ಮಹಾನುಭಾವರು. ‘ಆಸ್ಪತ್ರೆ ಬೋಳುಬೋಳಾಗಿದೆ, ಸಾರ್ ಹೆಸರಲ್ಲಿ ಮುಂದೆ ದೊಡ್ಡ ಕಮಾನು ಕಟ್ಟಿಸೋಣ’ ಅಂದರು. ನಕ್ಷೆ ನೋಡಿದೆ. ಬಾಣಂತಿಯರ ಕೋಣೆಗಳ ಉದ್ದ ಕಿಟಕಿಗಳು ಪೂರ್ತಿ ಮುಚ್ಚಿಹೋಗುತ್ತವೆ. ನೀವು ಮಾಡಿದ ಒಳ್ಳೆಯ ಕೆಲಸವನ್ನೇ ಕೆಡಿಸಿ ನಿಮಗೆ ಗೌರವ ತೋರಿಸುತ್ತಾರಂತೆ! ಸುತ್ತಲೂ ಚಪ್ಪಾಳೆ ಬೇರೆ.

ಹೊತ್ತಿಗೆ ಸರಿಯಾಗಿ ಕಣ್ಣಿಗೆ ಔಷಧಿ ಹಾಕಿಸಿಕೊಳ್ಳಿ. ಅತ್ತೆಗೆ ನಮಸ್ಕಾರ ತಿಳಿಸಿ.

ನಿಮ್ಮ
ಸಿಡುಕಿ

ಮತ್ತೆ: ಅಂಚೆಗೆ ಹೊತ್ತಾಯಿತು, ಮುಖ್ಯವಾದದ್ದೇ ಬಿಟ್ಟುಹೋಯಿತು. ನಾನು ಬಾಯಿ ತೆರೆಯುವ ಮೊದಲೇ ಅಮ್ಮ ಎದ್ದು ನಿಂತರು. ‘ಆ ಆಸ್ಪತ್ರೆ ನಂಗೆ ಯಾವತ್ತೂ ಹಿಡಿಸಿಲ್ಲ. ಆದ್ರೆ ಅವ್ರು ಯೋಚ್ನೆ ಮಾಡಿ ಕಟ್ಟಿದ್ದು. ಒಂದು ಇಟ್ಟಿಗೆ ಮುಟ್ಟಿ ನೋಡಿ! ನಿಮ್ಮ ಸನ್ಮಾನಾನೂ ಬೇಡ’ ಅಂದುಬಿಟ್ಟರು. ಕಮಾನಿನ ಮಾತು ಅಲ್ಲಿಗೇ ಬಿತ್ತು. ನಿಮ್ಮನ್ನು ಕೇಳದೆ ಸನ್ಮಾನ ತಪ್ಪಿಸಿದೆನಲ್ಲ ಎಂದು ಅವರಿಗೀಗ ಅಳುಕು. ಗುರುವಾರ ಅತ್ತೆಯ ಮನೆಗೆ ಬರುತ್ತಾರೆ. ಬಾಗಿಲು ತೆರೆಯಲು ನೀವೇ ಹೋಗಿ, ಅಪ್ಪಾ.