ಕರೆಯುವವರಿಲ್ಲದ ಹೆಸರು

ಶಿಕಾರಿಪುರ
10-7-2025, ಗುರುವಾರ

ಮಗಳು ಸಂಗೀತಳಿಗೆ ನಿನ್ನ ಅಮ್ಮ ಮಾಡುವ ಆಶೀರ್ವಾದಗಳು.

ನೀನು ಕಳಿಸಿದ ಫೋಟೊ ನೋಡಿದೆ. ಫೋಟೊ ಒಂದೇ, ಕೆಳಗೆ ಒಂದು ಮಾತಿಲ್ಲ. ಆಮೇಲೆ ಎರಡು ಸಲ ಫೋನ್ ಮಾಡಿದೆ, ನೀನು ಎತ್ತಲಿಲ್ಲ. ಎತ್ತದಿದ್ದದ್ದೇ ಒಳ್ಳೆಯದಾಯಿತು ಬಿಡು. ಎತ್ತಿದ್ದರೆ ಊಟ ಆಯ್ತಾ, ಮೊಮ್ಮಗಳು ರಕ್ಷಿತಾ ಸ್ಕೂಲಿಗೆ ಹೋದಳಾ ಎಂದು ಕೇಳಿ ಇಟ್ಟುಬಿಡುತ್ತಿದ್ದೆ. ನನ್ನ ಬುದ್ಧಿ ನನಗೆ ಗೊತ್ತಿಲ್ಲವೇ? ಅದಕ್ಕೇ ಕಾಗದ ಬರೆಯಲು ಕೂತಿದ್ದೇನೆ. ಏನು ಬರೀತಿದ್ದೀಯಮ್ಮಾ ಎಂದು ನಿನ್ನ ತಮ್ಮ ಮಲ್ಲಿಕಾರ್ಜುನ ಕೇಳಿದ. ಹಪ್ಪಳಕ್ಕೆ ಸಾಮಾನಿನ ಪಟ್ಟಿ ಕಣೋ ಅಂದೆ. ನೋಡು, ಸುಳ್ಳು ನನಗೆ ಎಷ್ಟು ಸಲೀಸು.

ಜೂನ್‌ನಲ್ಲಿ ನಿನಗೆ ಸೊರಬದ ನಮ್ಮೂರ ಶಾಲೆಗೇ ವರ್ಗವಾಯಿತು ಎಂದಾಗ, ಓದಿದ ಶಾಲೆಗೇ ಟೀಚರ್ ಆಗಿ ಹೋದಳು ಎಂದು ಎಲ್ಲರೂ ಸಂತೋಷಪಟ್ಟರು. ನಾನು ಮಾತ್ರ ಹೆದರಿದೆ. ಹಳೇ ದಾಖಲಾತಿ ಪುಸ್ತಕ ಒಂದಲ್ಲ ಒಂದು ದಿನ ನಿನ್ನ ಕೈಗೆ ಸಿಗುತ್ತದೆ ಎಂದು ಗೊತ್ತಿತ್ತು. ಸಿಕ್ಕಿತು. ಫೋಟೊದಲ್ಲಿ ಕಂಡ 1996ರ ಆ ಸಾಲಿನಲ್ಲಿ ಮೊದಲು ಬರೆದ ಹೆಸರಿಗೆ ಅಡ್ಡಗೆರೆ, ಮೇಲೆ ಸಂಗೀತ, ಪಕ್ಕದಲ್ಲಿ ‘ತಾಯಿಯ ಕೋರಿಕೆಯಂತೆ’, ಅದರ ಕೆಳಗೆ ನನ್ನ ರುಜು. ರಾಜಪ್ಪ ಮೇಷ್ಟ್ರೇ ತಮ್ಮ ಮನಸ್ಸಿಗೆ ಬಂದ ಹೆಸರು ಬರೆದುಕೊಂಡರು ಎಂದು ನಿನಗೆ ಇಷ್ಟು ವರ್ಷ ಹೇಳಿಕೊಂಡು ಬಂದೆನಲ್ಲ, ಅವರಲ್ಲ ಕಣೇ. ನಾನೇ.

ಆ ಅಡ್ಡಗೆರೆಯ ಕೆಳಗಿನ ಹೆಸರಿನ ಕಥೆ ನಿನಗೆ ಯಾರೂ ಹೇಳಿಲ್ಲ. ನೀನು ಹುಟ್ಟಿದಾಗ ಅಳಲಿಲ್ಲ, ಮೈ ನೀಲಿಗಟ್ಟಿತ್ತು. ನನ್ನ ಅತ್ತೆ, ಅಂದರೆ ನಿನ್ನ ಅಜ್ಜಿ, ಅಲ್ಲೇ ನಿಂತು ಚಂದ್ರಗುತ್ತಿ ಅಮ್ಮನಿಗೆ ಹರಕೆ ಹೊತ್ತರು. “ಕೂಸು ಉಳೀಲಿ ತಾಯೀ, ನಿನ್ನ ಹೆಸ್ರೇ ಇಡ್ತೀನಿ” ಅಂದರು. ನೀನು ಉಳಿದೆ. ಹೆಸರಿಟ್ಟರು. ಅತ್ತೆಗೂ ಅವರ ತವರಿನವರು ಅದೇ ದೇವಿಯ ಹೆಸರಿಟ್ಟಿದ್ದರು. ಹಾಗಾಗಿ ಅಜ್ಜಿಗೂ ಮೊಮ್ಮಗಳಿಗೂ ಒಂದೇ ಹೆಸರಾಯಿತು.

ಈಗ ನಮ್ಮ ಮನೆಯ ಫಜೀತಿ ಕೇಳು. ಸೊಸೆಯಾದವಳು ಅತ್ತೆಯ ಹೆಸರು ಹೇಳುವ ಹಾಗಿಲ್ಲ. ನಿನ್ನ ಅಪ್ಪ ಹೆತ್ತ ತಾಯಿಯ ಹೆಸರು ಹಿಡಿದು ಕೂಗುವುದುಂಟೇ? ಇನ್ನು ಅತ್ತೆ, ತಮ್ಮ ಹೆಸರನ್ನು ತಾವೇ ಕೂಗಿಕೊಳ್ಳಲು ನಾಚಿಕೊಂಡರು. ತೊಟ್ಟಿಲಲ್ಲಿ ಕಿವಿಗೆ ಉಸುರಿದ ಹೆಸರು ಅಲ್ಲಿಗೇ ನಿಂತಿತು. ಇಟ್ಟಿದ್ದೇನೋ ಇಟ್ಟರು, ಕರೆಯಲು ಮನೆಯಲ್ಲಿ ಒಬ್ಬರೂ ಇರಲಿಲ್ಲ! ಎಲ್ಲರ ಬಾಯಲ್ಲೂ ನೀನು ಬರೀ ಕೂಸಾದೆ.

ಅಷ್ಟಕ್ಕೇ ಹೆಸರು ಬದಲಿಸಿದೆ ಎಂದು ಬರೆದು ಮುಗಿಸಬಹುದಿತ್ತು. ಆದರೆ ಅದು ಅರ್ಧ ನಿಜ. ನಿನಗೆ ನಾಲ್ಕು ವರ್ಷವಿದ್ದಾಗ ಒಂದು ಬೆಳಿಗ್ಗೆ ನೀನು ಹಾಲಿನ ಪಾತ್ರೆ ಉರುಳಿಸಿದೆ. ನನ್ನ ಬಾಯಿಂದ ಆ ಹೆಸರು ಬಂದೇಬಿಟ್ಟಿತು. “ಏ ...., ನಿನ್ನ ಕೈಗಿಷ್ಟು ಬೆಂಕಿ ಹಾಕ” ಎಂದು ಕಿರುಚಿದೆ. ಅತ್ತೆ ಒಲೆಯ ಮುಂದೆ ಕೂತಿದ್ದರು. ತಿರುಗಿ ಮೆಲ್ಲಗೆ ಕೇಳಿದರು, “ಯಾರಿಗೆ ಬೈದ್ಯೇ?” ಕೂಸಿಗೆ ಅಂದೆ. “ಹೌದಾ” ಅಂದು ನಿನ್ನನ್ನು ಎತ್ತಿಕೊಂಡು ಹೊರಗೆ ಹೋದರು.

ಕೂಸಿಗಲ್ಲ ಸಂಗೀತಾ. ಅವರಿಗೇ ಬೈದದ್ದು. ಮದುವೆಗೆ ಮುಂಚೆ ನಾಲ್ಕು ವರ್ಷ ಹಾರ್ಮೋನಿಯಂ ಕಲಿತವಳು ನಾನು. ಬಂದ ಹೊಸತರಲ್ಲಿ ಒಂದು ದಿನ ರುಬ್ಬುತ್ತಾ ಗುನುಗಿದ್ದಕ್ಕೆ, “ಇದೇನು ಮನೇನಾ, ನಾಟಕದ ಕಂಪನೀನಾ?” ಅಂದಿದ್ದರು. ಆಮೇಲೆ ನಾನು ಬಾಯಿ ಬಿಡಲಿಲ್ಲ. ಅವತ್ತು ನಿನ್ನ ನೆಪದಲ್ಲಿ ಅವರ ಹೆಸರು ಹಿಡಿದು ಬೈದೆನಲ್ಲ, ನನಗೆ ಹಾಯೆನಿಸಿತು. ಹಾಯೆನಿಸಿದ್ದಕ್ಕೇ ಹೆದರಿದೆ. ಈ ಹೆಸರು ಇದ್ದರೆ ಜೀವಮಾನವೆಲ್ಲ ಅತ್ತೆಯ ಸಿಟ್ಟನ್ನು ಮಗಳ ಮೇಲೆ ತೀರಿಸುತ್ತೇನೆ ಅನ್ನಿಸಿತು. ಶಾಲೆಗೆ ಸೇರಿಸಿದ ದಿನ ಅಪ್ಪ ಹೆಸರು ಬರೆಸಿ ಗದ್ದೆಗೆ ಹೋದರು. ನಾನು ಅಲ್ಲೇ ನಿಂತೆ. ಮೇಷ್ಟ್ರಿಗೆ ಕೈಮುಗಿದು ಸಂಗೀತ ಎಂದು ಬರೆಸಿದೆ. ಅದೂ ನಿನಗಾಗಿ ಹುಡುಕಿದ ಹೆಸರಲ್ಲ, ನನ್ನ ಆಸೆಯನ್ನು ನಿನಗೆ ಅಂಟಿಸಿದೆ.

ಒಂದು ದಿನ ಅತ್ತೆ ನಿನಗೆ ಬುತ್ತಿ ತಂದು ಬಾಗಿಲಲ್ಲಿ ನಿಂತಿದ್ದಾಗ ಮೇಷ್ಟ್ರು ಹಾಜರಿ ಕೂಗುತ್ತಿದ್ದರು. ಸಂಗೀತ ಎಂದಾಗ ನೀನು ಎದ್ದು ನಿಂತೆ. ಅತ್ತೆ ಮನೆಗೆ ಬಂದು ಕೇಳಿದರು. ನಾನು ಮೇಷ್ಟ್ರ ಹೆಸರು ಹೇಳಿಬಿಟ್ಟೆ. ಅವರು ನನ್ನನ್ನೂ ಎಳೆದುಕೊಂಡು ಹೋಗಿ ಶಾಲೆಯ ಜಗಲಿಯಲ್ಲಿ ನಿಂತು, “ಏನ್ರೀ ಮೇಷ್ಟ್ರೇ, ದೇವರ ಹೆಸರು ಅಳಿಸಾಕೆ ನೀವ್ಯಾರ್ರೀ?” ಎಂದು ಊರು ಕೇಳುವ ಹಾಗೆ ಬೈದರು. ಮೇಷ್ಟ್ರು ನನ್ನ ಮುಖ ನೋಡಿದರು. ನಾನು ನೆಲ ನೋಡಿದೆ. ಆ ಪುಣ್ಯಾತ್ಮ ಪುಸ್ತಕ ತೆಗೆದು ತೋರಿಸಿದ್ದರೆ ಮುಗಿಯುತ್ತಿತ್ತು. ತೋರಿಸಲಿಲ್ಲ. ಸಾಯುವವರೆಗೆ ನಮ್ಮ ಬೀದಿಯಲ್ಲಿ ತಲೆ ತಗ್ಗಿಸಿಕೊಂಡೇ ಓಡಾಡಿದರು. ಅತ್ತೆಯೂ ಕೊನೆಯವರೆಗೆ ನಿನ್ನನ್ನು ಸಂಗೀತ ಎಂದು ಕರೆಯಲಿಲ್ಲ.

ಇದನ್ನೆಲ್ಲ ನಾನು ಹೇಗೋ ನುಂಗಿಕೊಂಡಿದ್ದೆ. ಮೊನ್ನೆ, ನಿನ್ನ ಫೋಟೊ ಬಂದ ಮಾರನೇ ದಿನ, ಎದುರು ಮನೆಯ ಜೈಬುನ್ನೀಸಾ ರವಿಕೆ ಹೊಲಿದು ತಂದಿದ್ದರು. ಅವರ ಹೆಸರಿಗೆ ಹೆಂಗಸರ ಒಡವೆ ಎಂದು ಅರ್ಥವಂತೆ. ‘ಜೇಬ್’ ಎಂದು ಬರೆಯಬೇಕಾದಲ್ಲಿ ಯಾರೋ ‘ಜೈ’ ಎಂದು ಬರೆದುಬಿಟ್ಟರಂತೆ. “ನಾನೇನು ಮೆರವಣಿಗೇನಾ ಅಕ್ಕಾ, ಎಲ್ರೂ ಜೈ ಅನ್ನೋಕೆ?” ಎಂದು ನಕ್ಕರು. ಅವರ ಮೊಮ್ಮಗಳು ಆತಿಫಾಳ ಹೆಸರಿಗೆ ಮಮತೆಯವಳು ಎಂದು ಅರ್ಥವಂತೆ. ಅದು ತೀರಿಹೋದ ಅವರ ಅಕ್ಕನ ಹೆಸರು. “ಆ ಹೆಸರು ಕೂಗಿದ್ರೆ ಈಗಲೂ ಮನೇಲಿ ಒಬ್ರು ಓ ಅಂತಾರೆ ನೋಡ್ರೀ” ಅಂದರು. ಆಮೇಲೆ ನಿನಗೆ ಹೆಸರಿಟ್ಟವರು ಯಾರೆಂದು ಕೇಳಿದರು. ನಾನು ಮೇಷ್ಟ್ರು ಅಂದೆ! ಥೂ, ನನ್ನ ನಾಲಿಗೆಗೆ ನಾಚಿಕೆ ಇಲ್ಲ.

ಅವರ ಆ ಓ ಎನ್ನುವ ಮಾತು ಕೇಳಿದ ಮೇಲೆ ನನಗೆ ಊಟ ಸೇರಿಲ್ಲ. ಅಜ್ಜಿ ಹೋದ ಆ ಮಧ್ಯಾಹ್ನ ನಿನಗೆ ನೆನಪಿರಬೇಕು, ನಿನಗಾಗ ಹನ್ನೆರಡು. ಮೂರು ದಿನದಿಂದ ಮಾತಿಲ್ಲದೆ ಮಲಗಿದ್ದವರು ಕಣ್ಣು ಬಿಟ್ಟರು. ನಾಚಿಕೆ ಎಲ್ಲ ಬಿಟ್ಟು ಆ ಹೆಸರು ಕರೆದರು. ಒಂದು ಸಲ ಅಲ್ಲ, ನಾಲ್ಕು ಸಲ. “ಅಜ್ಜಿ ಯಾಕಮ್ಮಾ ತನ್ನ ಹೆಸ್ರನ್ನೇ ಕರೀತಾಳೆ?” ಎಂದು ನೀನು ಕೇಳಿದೆ. ದೇವರನ್ನ ನೆನೀತಿದ್ದಾರೆ, ನೀನು ಹೋಗಿ ನೀರು ತಾ ಅಂದೆ. ನಿನ್ನನ್ನೇ ಕರೆಯುತ್ತಿದ್ದರು ಕಣೇ. ನೀನು ಲೋಟ ಹಿಡಿದು ಬರುವಷ್ಟರಲ್ಲಿ ಆಗಿಹೋಗಿತ್ತು. ಪಕ್ಕದಲ್ಲೇ ಇದ್ದ ಮೊಮ್ಮಗಳು ಓ ಅನ್ನದ ಹಾಗೆ ಮಾಡಿದವಳು ನಾನು.

ಕ್ಷಮಿಸು ಎಂದು ಬರೆಯಲು ಮುಖವಿಲ್ಲ. ಮೇಷ್ಟ್ರೂ ಇಲ್ಲ, ಅತ್ತೆಯೂ ಇಲ್ಲ. ಇರುವವಳು ನೀನೊಬ್ಬಳು. ಈ ಕಾಗದವನ್ನು ಮೇಷ್ಟ್ರ ಮಗ ಗಣೇಶನಿಗೆ ಓದಿ ಹೇಳು. ಊರಿನಲ್ಲಿ ಯಾರಿಗೆ ತೋರಿಸಿದರೂ ನನ್ನದೇನೂ ಅಡ್ಡಿಯಿಲ್ಲ.

ಇಂತಿ ನಿನ್ನ ಅಮ್ಮ,
ಶಕುಂತಲಮ್ಮ
(ಪುಸ್ತಕದಲ್ಲಿರುವುದೂ ಇದೇ ರುಜು)

ತಾ.ಕ.: ಇಷ್ಟುದ್ದ ಬರೆದರೂ ಆ ಹೆಸರನ್ನು ಎಲ್ಲೂ ಬರೆದಿಲ್ಲ, ಗಮನಿಸಿದೆಯಾ? ಕೈ ಏಳಲಿಲ್ಲ. ಬೆಳಿಗ್ಗೆ ಹಿತ್ತಲಲ್ಲಿ ಯಾರೂ ಇಲ್ಲದಾಗ ಮೆಲ್ಲಗೆ ಕರೆದು ನೋಡಿದೆ. ಸಿಟ್ಟು ಬರಲಿಲ್ಲ, ಅಳು ಬಂತು. ಇಪ್ಪತ್ತನೇ ತಾರೀಕು ಭಾನುವಾರ ಫೋನ್ ಮಾಡುತ್ತೇನೆ. ಎತ್ತಿದರೆ ಊಟ ಆಯ್ತಾ ಎಂದು ಕೇಳುವುದಿಲ್ಲ. ಗುತ್ಯಮ್ಮಾ ಎಂದು ಕರೆಯುತ್ತೇನೆ. ನನಗಾಗಿ ಬೇಡ, ನಿನ್ನ ಅಜ್ಜಿಗಾಗಿ ಒಂದು ಸಲ ಓ ಅನ್ನು.